ಹತ್ತು ಸಾವಿರದ ಮ್ಯಾನ್ಯುಯಲ್ ಲೆನ್ಸ್: 12, 25, 35, 50ರಲ್ಲಿ ನಿಮಗೆ ಯಾವುದು?

ಮಿರರ್‌ಲೆಸ್ ಕ್ಯಾಮೆರಾ ಕೊಂಡು ಸ್ವಲ್ಪ ದಿನ ಕಳೆದ ಮೇಲೆ ಕಿಟ್ ಲೆನ್ಸ್ ಸಾಲದು ಅನಿಸಲು ಶುರುವಾಗುತ್ತದೆ. ಸಂಜೆ ಬೆಳಕು ಇಳಿದರೆ ಫೋಟೋ ಕಾಳುಕಾಳಾಗಿ ಬರುತ್ತದೆ. ಮುಖದ ಹಿಂದಿನ ಗೋಡೆ, ಬೈಕು, ಕರೆಂಟ್ ಕಂಬ ಎಲ್ಲವೂ ಎದ್ದು ಕಾಣುತ್ತವೆ. ಪ್ರೈಮ್ ಲೆನ್ಸ್, ಅಂದರೆ ಜೂಮ್ ಆಗದ ಒಂದೇ ಎಂಎಂನ ಲೆನ್ಸ್ ಕೊಳ್ಳೋಣ ಅಂತ ಹುಡುಕಿದರೆ ಕ್ಯಾಮೆರಾ ಕಂಪನಿಯದ್ದೇ ಬೇಕೆಂದರೆ ಇಪ್ಪತ್ತು, ಮೂವತ್ತು, ನಲವತ್ತು ಸಾವಿರ. ಅದರ ಪಕ್ಕದಲ್ಲೇ ಎಂದೂ ಹೆಸರು ಕೇಳಿರದ ಕಂಪನಿಯ ಲೆನ್ಸ್ ಒಂದು ಎಫ್ 1.4 (ಈ ಸಂಖ್ಯೆ ಚಿಕ್ಕದಾದಷ್ಟೂ ಒಳಗೆ ಬರುವ ಬೆಳಕು ಜಾಸ್ತಿ) ಅಂತ ಬರೆದುಕೊಂಡು ಹತ್ತು ಸಾವಿರದ ಆಸುಪಾಸಿನಲ್ಲಿ ಕೂತಿರುತ್ತದೆ. ಮೋಸ ಏನಿಲ್ಲ. ಫೋಕಸ್ ಅನ್ನು ನೀವೇ ಕೈಯಿಂದ ತಿರುಗಿಸಿ ಮಾಡಬೇಕು.

ಇದು ಕೆಲವರಿಗೆ ಏನೂ ಕಷ್ಟವಲ್ಲ, ಕೆಲವರಿಗೆ ದಿನಾ ತಲೆನೋವು. ನೀವು ಏನನ್ನು ತೆಗೆಯುತ್ತೀರಿ ಅನ್ನುವುದರ ಮೇಲೆ ಅದು ತೀರ್ಮಾನವಾಗುತ್ತದೆ. ನಾನಿರುವುದು ದಾವಣಗೆರೆಯಲ್ಲಿ. ಅರವತ್ತು ಕಿಲೋಮೀಟರ್ ಆಚೆ ಚಿತ್ರದುರ್ಗ. ಹಾಗಾಗಿ ಉದಾಹರಣೆಗಳೆಲ್ಲ ಈ ಎರಡು ಊರಿನವೇ. ಬಹಳ ಜನ ಮೊದಲು ಬ್ರ್ಯಾಂಡ್ ನೋಡುತ್ತಾರೆ, ಆಮೇಲೆ ಎಫ್ ನಂಬರ್ ನೋಡುತ್ತಾರೆ, ಎಂಎಂ ಕೊನೆಗೆ. ನನ್ನ ಪ್ರಕಾರ ಇದು ಉಲ್ಟಾ ಆಗಬೇಕು. ಎಂಎಂ ಮೊದಲು. ಲೆನ್ಸ್ ಅಗಲವಾದಷ್ಟೂ (ಎಂಎಂ ಚಿಕ್ಕದು, ನೋಟ ಅಗಲ) ಕೈಯಲ್ಲಿ ಫೋಕಸ್ ಮಾಡುವುದು ಸುಲಭ, ಉದ್ದವಾದಷ್ಟೂ (ಎಂಎಂ ದೊಡ್ಡದು, ನೋಟ ಕಿರಿದು) ಕಷ್ಟ. ಎಫ್ 1.2, ಎಫ್ 1.4 ಅನ್ನುವ ಜಗಳಕ್ಕಿಂತ ಇದೇ ಮುಖ್ಯ.

ಯಾಕೆ ಇಷ್ಟು ಅಗ್ಗ

ಒಳಗೆ ಮೋಟರ್ ಇಲ್ಲ, ಚಿಪ್ ಇಲ್ಲ, ಅಲುಗಾಟ ತಡೆಯುವ ವ್ಯವಸ್ಥೆ ಇಲ್ಲ. ಗಾಜು, ಲೋಹದ ಕೊಳವೆ, ಎರಡು ಬಳೆ. ಒಂದು ಬಳೆ ಫೋಕಸ್‌ಗೆ, ಇನ್ನೊಂದು ಅಪರ್ಚರ್‌ಗೆ, ಅಂದರೆ ಬೆಳಕು ಬರುವ ಕಿಂಡಿಯನ್ನು ಹಿಗ್ಗಿಸಲು, ಕುಗ್ಗಿಸಲು. ಗಾಜಿನ ಜೋಡಣೆಯೂ ಹೊಸದೇನಲ್ಲ. ಝೈಸ್ ಕಂಪನಿಯಲ್ಲಿದ್ದ ಪಾಲ್ ರುಡಾಲ್ಫ್ 1896ರಲ್ಲಿ ಪ್ಲಾನಾರ್ ಅನ್ನುವ ಲೆನ್ಸ್ ರೂಪಿಸಿದರು. ನಂತರ ಬಂದ ಬಹುಪಾಲು 50 ಎಂಎಂ ಲೆನ್ಸ್‌ಗಳು ಅದರ ವಂಶದವೇ. ಹೊಸದಾಗಿ ಸಂಶೋಧನೆಗೆ ಖರ್ಚು ಮಾಡುವ ಅಗತ್ಯ ಕಡಿಮೆ.

ಇನ್ನೊಂದು ಕಾರಣ ಕ್ಯಾಮೆರಾದಲ್ಲೇ ಇದೆ. ಹಳೆಯ ಎಸ್‌ಎಲ್‌ಆರ್‌ಗಳಲ್ಲಿ ಕನ್ನಡಿಗೆ ಜಾಗ ಬಿಡಬೇಕಿತ್ತು. ಲೆನ್ಸ್ ಕೂರುವ ಜಾಗದಿಂದ (ಅದಕ್ಕೆ ಮೌಂಟ್ ಅನ್ನುತ್ತಾರೆ) ಸೆನ್ಸರ್‌ವರೆಗೆ ನಿಕಾನ್ ಎಫ್ ಮೌಂಟ್‌ನಲ್ಲಿ 46.5 ಮಿಲಿಮೀಟರ್, ಕ್ಯಾನನ್ ಇಎಫ್‌ನಲ್ಲಿ 44. ಕನ್ನಡಿ ಹೋದ ಮೇಲೆ ಸೋನಿ ಇ ಮೌಂಟ್‌ನಲ್ಲಿ 18, ಫ್ಯೂಜಿಯಲ್ಲಿ 17.7, ಕ್ಯಾನನ್ ಆರ್‌ಎಫ್‌ನಲ್ಲಿ 20, ನಿಕಾನ್ ಝಡ್‌ನಲ್ಲಿ 16 ಮಾತ್ರ. ಇದರಿಂದ ಅಗಲದ ಲೆನ್ಸನ್ನೂ ಚಿಕ್ಕದಾಗಿ, ಸರಳವಾಗಿ ಮಾಡಬಹುದು. ಹಳೆಯ ಲೆನ್ಸ್ ಹಾಕಬೇಕಾದರೆ ಆ ವ್ಯತ್ಯಾಸದಷ್ಟು ಉದ್ದದ ಅಡಾಪ್ಟರ್ ಇದ್ದರೆ ಸಾಕು. ಅದರೊಳಗೆ ಗಾಜೇ ಇರುವುದಿಲ್ಲ.

ಕ್ಯಾನನ್ ಆರ್50, ಆರ್10 ಇಟ್ಟುಕೊಂಡವರಿಗೆ ಇದು ಹೆಚ್ಚು ಮುಖ್ಯ. ಆರ್‌ಎಫ್ ಮೌಂಟಿನ ಚಿಕ್ಕ ಸೆನ್ಸರ್ ಕ್ಯಾಮೆರಾಗಳಿಗೆ ಸಿಗ್ಮಾ, ಟ್ಯಾಮ್ರಾನ್ ತಮ್ಮ ಆಟೋಫೋಕಸ್ ಲೆನ್ಸ್ ತರುತ್ತೇವೆ ಎಂದು ಹೇಳಿದ್ದೇ 2024ರಲ್ಲಿ. ಮ್ಯಾನ್ಯುಯಲ್ ಲೆನ್ಸ್ ಕ್ಯಾಮೆರಾ ಜೊತೆ ಮಾತೇ ಆಡುವುದಿಲ್ಲ. ಹಾಗಾಗಿ ಅವು ಅದಕ್ಕೂ ಮೊದಲೇ ಸಿಗುತ್ತಿದ್ದವು.

ಕೈ ಫೋಕಸ್ ಯಾರಿಗೆ ಬೇಡ

ಇದನ್ನು ಮೊದಲೇ ಹೇಳಿಬಿಡುತ್ತೇನೆ. ಮದುವೆ ಕೆಲಸ ಮಾಡುವವರು ಮುಹೂರ್ತಕ್ಕೆ ಇದನ್ನು ನಂಬಿಕೊಳ್ಳಬೇಡಿ. ತಾಳಿ ಕಟ್ಟುವ ಹೊತ್ತಿಗೆ ಅಕ್ಕಪಕ್ಕದವರು ಅಡ್ಡ ಬರುತ್ತಾರೆ, ಅಕ್ಷತೆ ಬೀಳುತ್ತದೆ, ಹುಡುಗಿ ತಲೆ ತಗ್ಗಿಸುತ್ತಾಳೆ. ಅಲ್ಲಿ ಕಣ್ಣನ್ನು ಹಿಡಿದು ಹಿಂಬಾಲಿಸುವ ಆಟೋಫೋಕಸ್ ಬೇಕು. ಮನೆಯಲ್ಲಿ ಓಡಾಡುವ ಮಗುವಿನ ಫೋಟೋಗೇ ಲೆನ್ಸ್ ಕೊಳ್ಳುವವರಿಗೂ ಇದೇ ಮಾತು. ಕುಂದುವಾಡ ಕೆರೆಯ ಹಕ್ಕಿಗಳಿಗೂ ಇದಲ್ಲ, ಅದಕ್ಕೆ ಬೇರೆಯೇ ಉದ್ದದ ಲೆನ್ಸ್ ಬೇಕು.

ಈಗ ಅಗ್ಗದ ಆಟೋಫೋಕಸ್ ಪ್ರೈಮ್‌ಗಳೂ ಬಂದಿವೆ. ವಿಲ್ಟ್ರಾಕ್ಸ್, ಟಿಟಿಆರ್ಟಿಸಾನ್ ಎರಡೂ ಕಂಪನಿಗಳು ಸೋನಿ, ಫ್ಯೂಜಿ, ನಿಕಾನ್ ಝಡ್‌ಗೆ ಎಫ್ 1.7, ಎಫ್ 1.8ರ ಚಿಕ್ಕ ಲೆನ್ಸ್ ಮಾಡುತ್ತವೆ. ಕ್ಯಾನನ್‌ನವರಿಗೆ ಅವರದ್ದೇ ಆರ್‌ಎಫ್ 50 ಎಂಎಂ ಎಫ್ 1.8 ಇದೆ. ನಿಮ್ಮ ಫೋಟೋಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಓಡಾಡುವ ಜನರೇ ಇದ್ದರೆ ಇನ್ನೊಂದೆರಡು ತಿಂಗಳು ದುಡ್ಡು ಕೂಡಿಸಿ ಅದನ್ನೇ ಕೊಳ್ಳಿ. ಮ್ಯಾನ್ಯುಯಲ್‌ನಲ್ಲಿ ಕಲಿಯುವುದು ಜಾಸ್ತಿ ಅಂತ ಯಾರೋ ಹೇಳಿದರು ಅಂತ ಸುಮ್ನೆ ಕಷ್ಟ ತಂದುಕೊಳ್ಳಬೇಡಿ. ಊಟ, ಅಂಗಡಿ, ಬೀದಿ, ಕೋಟೆ, ಕಲ್ಲು, ರಾತ್ರಿ ಆಕಾಶ, ಕೂತು ಮಾತಾಡುವ ಮನುಷ್ಯ, ನಿಧಾನವಾಗಿ ತೆಗೆಯುವ ವಿಡಿಯೋ, ಇವು ನಿಮ್ಮ ವಿಷಯ ಆಗಿದ್ದರೆ ಮುಂದೆ ಓದಿ.

ಮೊದಲು ಕ್ಯಾಮೆರಾ ಮೆನು

ಲೆನ್ಸ್ ಹಾಕಿ ಬಟನ್ ಒತ್ತಿದರೆ ಫೋಟೋನೇ ಬರುವುದಿಲ್ಲ. ಹೊಸಬರು ಗಾಬರಿಯಾಗುವುದು ಇಲ್ಲೇ. ಕ್ಯಾಮೆರಾಗೆ ಮುಂದೆ ಲೆನ್ಸ್ ಇರುವುದೇ ಗೊತ್ತಿಲ್ಲ. ಸೋನಿಯಲ್ಲಿ 'ರಿಲೀಸ್ ವಿತೌಟ್ ಲೆನ್ಸ್', ಫ್ಯೂಜಿಯಲ್ಲಿ 'ಶೂಟ್ ವಿತೌಟ್ ಲೆನ್ಸ್' ಅಂತ ಮೆನುವಿನಲ್ಲಿರುತ್ತದೆ, ಕ್ಯಾನನ್‌ನಲ್ಲೂ ಅದೇ ಅರ್ಥದ್ದು ಇದೆ. ಆನ್ ಮಾಡಿ. ಮೋಡ್ ಡಯಲನ್ನು 'ಎ' ಅಥವಾ 'ಎವಿ'ಗೆ ಇಡಿ. ಅಪರ್ಚರ್ ನೀವು ಲೆನ್ಸ್ ಮೇಲೆ ತಿರುಗಿಸುತ್ತೀರಿ, ಶಟರ್ ಮತ್ತು ಐಎಸ್‌ಒ (ಬೆಳಕಿಗೆ ಸೆನ್ಸರ್‌ನ ಸೂಕ್ಷ್ಮತೆ) ಕ್ಯಾಮೆರಾ ನೋಡಿಕೊಳ್ಳುತ್ತದೆ. ಎಫ್ ನಂಬರ್ ಎಷ್ಟಿತ್ತು ಅನ್ನುವುದು ಮಾತ್ರ ಫೋಟೋ ಜೊತೆ ದಾಖಲಾಗುವುದಿಲ್ಲ. ಕ್ಯಾಮೆರಾ ಬಾಡಿಯಲ್ಲೇ ಅಲುಗಾಟ ತಡೆಯುವ ವ್ಯವಸ್ಥೆ ಇದ್ದರೆ ಎಷ್ಟು ಎಂಎಂ ಅನ್ನುವುದನ್ನು ಅಲ್ಲಿ ಕೈಯಿಂದ ಬರೆಯಬೇಕು. ಸೋನಿ ಝಡ್‌ವಿ-ಇ10, ಎ6400, ನಿಕಾನ್ ಝಡ್50, ಕ್ಯಾನನ್ ಆರ್50ರಲ್ಲಿ ಆ ವ್ಯವಸ್ಥೆ ಇಲ್ಲ, ಹಾಗಾಗಿ ಆ ಕೆಲಸವೂ ಇಲ್ಲ.

ಫೋಕಸ್‌ಗೆ ಎರಡು ಸಹಾಯಗಳಿವೆ. ಪೀಕಿಂಗ್ ಆನ್ ಮಾಡಿದರೆ ಫೋಕಸ್ ಆದ ಅಂಚುಗಳು ಕೆಂಪಾಗಿ ಹೊಳೆಯುತ್ತವೆ. ಜೂಮ್ ಮಾಡಿ ನೋಡುವುದು ಎರಡನೆಯದು. ಪೀಕಿಂಗನ್ನು ಪೂರ್ತಿ ನಂಬಬೇಡಿ. ಎಫ್ 1.4ರಲ್ಲಿ ನಿಜವಾಗಿ ಸ್ಪಷ್ಟ ಇರುವ ಜಾಗಕ್ಕಿಂತ ಜಾಸ್ತಿ ಜಾಗ ಕೆಂಪಾಗುತ್ತದೆ. ಕಣ್ಣೂ ಕೆಂಪು, ಕಿವಿಯೂ ಕೆಂಪು, ಮನೆಗೆ ಬಂದು ನೋಡಿದರೆ ಕಿವಿ ಮಾತ್ರ ಸ್ಪಷ್ಟ. ಅದರ ಮಟ್ಟವನ್ನು 'ಲೋ' ಇಡಿ. ಜೂಮ್ ನೋಟವನ್ನು ಬೆರಳಿಗೆ ಸಿಗುವ ಒಂದು ಬಟನ್‌ಗೆ ಕೊಡಿ. ಮೊದಲು ಪೀಕಿಂಗ್, ಕೊನೆಗೆ ಜೂಮ್. ಈ ಅಭ್ಯಾಸ ಬಿದ್ದರೆ ಅರ್ಧ ಕೆಲಸ ಮುಗಿದಂತೆ.

35 ಎಂಎಂ: ಮೊದಲ ಲೆನ್ಸ್ ಇದೇ ಆಗಲಿ

ಎಪಿಎಸ್-ಸಿ ಸೆನ್ಸರ್ (ಬಜೆಟ್ ಕ್ಯಾಮೆರಾಗಳ ಚಿಕ್ಕ ಸೆನ್ಸರ್) ಮೇಲೆ 35 ಎಂಎಂ ಹಾಕಿದರೆ ಹಳೆಯ ಫಿಲ್ಮ್ ಲೆಕ್ಕದಲ್ಲಿ 52 ಎಂಎಂ ಹತ್ತಿರ ಆಗುತ್ತದೆ. ಕ್ಯಾನನ್‌ನಲ್ಲಿ 56. ಅಂದರೆ ಅಗಲವೂ ಅಲ್ಲ, ಉದ್ದವೂ ಅಲ್ಲ. ಹೆಚ್ಚು ಆಯ್ಕೆ ಇರುವುದೂ ಇಲ್ಲೇ. ಟಿಟಿಆರ್ಟಿಸಾನ್ 35 ಎಫ್ 1.4, 7ಆರ್ಟಿಸಾನ್ಸ್ 35 ಎಫ್ 1.2, ಮೈಕೆ 35 ಎಫ್ 1.7 ಈ ಮೂರರ ನಡುವೆ ಜನ ಜಾಸ್ತಿ ಒದ್ದಾಡುತ್ತಾರೆ.

ನಾನು ಟಿಟಿಆರ್ಟಿಸಾನ್ ಕಡೆಗೆ ವಾಲುತ್ತೇನೆ. ಅದರ ಕಾರಣ ಎಫ್ 1.4 ಅಲ್ಲ. ಅದು 28 ಸೆಂಟಿಮೀಟರ್‌ವರೆಗೆ ಹತ್ತಿರ ಹೋಗುತ್ತದೆ, ಅಪರ್ಚರ್ ಬಳೆ ತಿರುಗಿಸಿದಾಗ ಟಕ್ ಟಕ್ ಅಂತ ನಿಲ್ಲುತ್ತದೆ. ಫೋಟೋ ತೆಗೆಯುವವನಿಗೆ ಆ ಟಕ್ ದೊಡ್ಡ ಅನುಕೂಲ. ಕಣ್ಣು ತೆಗೆಯದೆ ಎಷ್ಟು ಮೆಟ್ಟಿಲು ಇಳಿದೆ ಅಂತ ಗೊತ್ತಾಗುತ್ತದೆ. 7ಆರ್ಟಿಸಾನ್ಸ್ ಮತ್ತು ಮೈಕೆಯಲ್ಲಿ ಅಪರ್ಚರ್ ಬಳೆ ನುಣ್ಣಗೆ ಜಾರುತ್ತದೆ. ಬ್ಯಾಗಿನಿಂದ ತೆಗೆಯುವಾಗ ಕೈ ತಾಗಿ ಎಫ್ 2 ಇದ್ದದ್ದು ಎಫ್ 5.6ಕ್ಕೆ ಹೋಗಿರುತ್ತದೆ. ಆದರೆ ವಿಡಿಯೋ ಮಾಡುವವರಿಗೆ ಅದೇ ಬೇಕು. ರೆಕಾರ್ಡ್ ಆಗುತ್ತಿರುವಾಗಲೇ ಬೆಳಕನ್ನು ಮೆಲ್ಲಗೆ ಏರಿಸಬಹುದು, ಇಳಿಸಬಹುದು, ಸದ್ದಿಲ್ಲ, ಜಿಗಿತವಿಲ್ಲ. ನಿಮ್ಮದು ಪ್ರಿ-ವೆಡ್ಡಿಂಗ್ ವಿಡಿಯೋ ಕೆಲಸ ಆಗಿದ್ದರೆ 7ಆರ್ಟಿಸಾನ್ಸ್ ತೆಗೆದುಕೊಳ್ಳಿ. ಮೈಕೆ ಇನ್ನೂ ಕಡಿಮೆಗೆ ಸಿಕ್ಕಿದರೆ ಬಿಡಬೇಡಿ, ಎಫ್ 1.7ಕ್ಕೂ 1.4ಕ್ಕೂ ಬೆಳಕಿನಲ್ಲಿ ಅರ್ಧ ಸ್ಟಾಪ್ (ಒಂದು ಸ್ಟಾಪ್ ಅಂದರೆ ಬೆಳಕು ದುಪ್ಪಟ್ಟು ಅಥವಾ ಅರ್ಧ) ವ್ಯತ್ಯಾಸ ಅಷ್ಟೇ.

ಬೆಣ್ಣೆದೋಸೆ ಹೋಟೆಲ್ ಒಳಗೆ ಹೋಗಿ ನೋಡಿ, 35 ಏನು ಮಾಡುತ್ತದೆ ಅಂತ ತಿಳಿಯುತ್ತದೆ. ಟೇಬಲ್‌ಗಳು ಹತ್ತಿರ ಹತ್ತಿರ. ಒಳಗೆ ಟ್ಯೂಬ್‌ಲೈಟ್, ಹೊರಗಿನಿಂದ ಒಂದು ಬದಿ ಹಗಲು ಬೆಳಕು. ತಟ್ಟೆ ಮೇಲೆ ದೋಸೆ, ಅದರ ಮೇಲೆ ಕರಗುತ್ತಿರುವ ಬೆಣ್ಣೆ ಉಂಡೆ. ಕೂತಲ್ಲಿಂದಲೇ ಬಗ್ಗಿ ತೆಗೆಯಬಹುದು, ಎದ್ದು ನಿಲ್ಲಬೇಕಿಲ್ಲ. ಎಫ್ 2ರಲ್ಲಿ ಬೆಣ್ಣೆ ಸ್ಪಷ್ಟ, ಚಟ್ನಿ ಬಟ್ಟಲು ಮಸುಕು. ದೋಸೆ ಎಲ್ಲೂ ಓಡುವುದಿಲ್ಲವಲ್ಲ! ಕಾವಲಿ ಹತ್ತಿರ ನಿಂತು ನಾನು ಬಳೆ ತಿರುಗಿಸುತ್ತಿದ್ದರೆ ದೋಸೆ ಹುಯ್ಯುವವರು ಕೇಳುತ್ತಾರೆ, "ಯಾಕ್ ಸರ, ಜೂಮ್ ಕೆಟ್ಟೋಗೈತಾ?" "ಇಲ್ಲಣ್ಣ, ಇದು ಕೈಯಾಗೇ ತಿರುಗ್ಸೋದು" ಅಂದರೆ, "ಹಂಗಾರೆ ಬಿಸಿ ಕಡಿಮಿ ಆಗೋ ಹೊತ್ಗೆ ಮುಗ್ಸಿ" ಅನ್ನುತ್ತಾರೆ. ಆ ಮಾತು ಸರಿಯೇ. ಹೊಗೆ ಹೋದ ಮೇಲೆ ದೋಸೆ ಫೋಟೋಗೆ ಜೀವ ಇರುವುದಿಲ್ಲ.

ಎಷ್ಟು ತೆಳು ಫೋಕಸ್ ಅನ್ನುವ ಲೆಕ್ಕ ಇಲ್ಲಿ ಬೇಕು. 35 ಎಂಎಂ, ಎಫ್ 1.4, ಎದುರಿನವರು ಒಂದೂವರೆ ಮೀಟರ್ ದೂರ. ಸ್ಪಷ್ಟವಾಗಿ ಬರುವ ಆಳ ಸುಮಾರು 10 ಸೆಂಟಿಮೀಟರ್. ಎಫ್ 2.8ಕ್ಕೆ ತಂದರೆ 20. ಕೂತಿರುವ ಮನುಷ್ಯನಿಗೆ ಹತ್ತು ಸೆಂಟಿಮೀಟರ್ ನಿಭಾಯಿಸಬಹುದು. ಈ ಸಂಖ್ಯೆ ನೆನಪಿಟ್ಟುಕೊಳ್ಳಿ, 50ಕ್ಕೆ ಹೋದಾಗ ಬೇಕಾಗುತ್ತದೆ.

ಅಗ್ಗದ ಲೆನ್ಸ್ ಅಂದ ಮೇಲೆ ಅಪರ್ಚರ್ ಪೂರ್ತಿ ತೆರೆದಾಗ ಮೂಲೆಗಳು ಮೆತ್ತಗಿರುತ್ತವೆ, ಎದುರು ಬೆಳಕಿಗೆ ಮಂಜು ಕವಿದಂತೆ ಆಗುತ್ತದೆ, ಹೊಳೆಯುವ ಪಾತ್ರೆಯ ಅಂಚಿಗೆ ನೇರಳೆ ಗೆರೆ ಬರುತ್ತದೆ. ಎಫ್ 2.8, ಎಫ್ 4ಕ್ಕೆ ತಂದರೆ ಬಹುಪಾಲು ಸರಿಹೋಗುತ್ತದೆ. ನಾನಂತೂ ಮುಖದ ಫೋಟೋದಲ್ಲಿ ಮೂಲೆ ನೋಡುವುದೇ ಇಲ್ಲ.

25 ಎಂಎಂ: ಬೀದಿಗೆ, ಜಾತ್ರೆಗೆ

ನನಗೆ ಹೆಚ್ಚು ಇಷ್ಟ ಇದೇ. ಆದರೂ ಮೊದಲ ಲೆನ್ಸ್ ಅಂತ ಹೇಳದಿರುವುದಕ್ಕೆ ಕಾರಣ, ಹಿನ್ನೆಲೆ ಮಸುಕು ಬೇಕು ಅಂತ ಬಂದವರಿಗೆ ಇದು ನಿರಾಸೆ ಮಾಡುತ್ತದೆ. 7ಆರ್ಟಿಸಾನ್ಸ್ 25 ಎಫ್ 1.8 ಅಂಗೈಯಲ್ಲಿ ಮುಚ್ಚಿಹೋಗುವಷ್ಟು ಚಿಕ್ಕದು. 18 ಸೆಂಟಿಮೀಟರ್‌ವರೆಗೆ ಹತ್ತಿರ ಹೋಗುತ್ತದೆ. ಫಿಲ್ಮ್ ಲೆಕ್ಕದಲ್ಲಿ 37 ಎಂಎಂ ಆಗುತ್ತದೆ, ಅಂದರೆ ಬೀದಿ ಫೋಟೋಗ್ರಾಫರ್‌ಗಳು ತಲೆಮಾರುಗಳಿಂದ ಬಳಸಿದ 35ರ ಪಕ್ಕದ್ದು.

ಇದರ ಮಜಾ ಇರುವುದು ಫೋಕಸ್ ಮಾಡದೇ ಇರುವುದರಲ್ಲಿ. ಬಳೆಯನ್ನು 3 ಮೀಟರ್‌ಗೆ ಇಡಿ. ಅಪರ್ಚರ್ ಎಫ್ 8. ಈಗ ಸುಮಾರು 1.7 ಮೀಟರ್‌ನಿಂದ 13 ಮೀಟರ್‌ವರೆಗೆ, ಅಂದರೆ ಐದೂವರೆ ಅಡಿಯಿಂದ ನಲವತ್ತು ಅಡಿವರೆಗೆ, ಎಲ್ಲವೂ ಸ್ಪಷ್ಟ. ಇನ್ನು ಬಳೆ ಮುಟ್ಟುವ ಹಾಗೇ ಇಲ್ಲ. ಕ್ಯಾಮೆರಾ ಎತ್ತಿ ಒತ್ತುವುದಷ್ಟೇ. ಯಾವ ಆಟೋಫೋಕಸ್ಸೂ ಇಷ್ಟು ಬೇಗ ಇರಲ್ಲ, ಯಾಕೆಂದರೆ ಇಲ್ಲಿ ಕಾಯುವ ಕೆಲಸವೇ ಇಲ್ಲ.

ಎರಡು ವರ್ಷಕ್ಕೊಮ್ಮೆ ಬರುವ ದುಗ್ಗಮ್ಮನ ಜಾತ್ರೆಗೆ ಇದನ್ನು ತಗೊಂಡು ಹೋಗಿ. ಜನ ನುಗ್ಗುತ್ತಿರುತ್ತಾರೆ, ಎದುರಿಗೆ ಯಾರು ಬರುತ್ತಾರೋ ಗೊತ್ತಿಲ್ಲ. ಆಟೋಫೋಕಸ್ ಆದರೆ ನಡುವೆ ಹಾದುಹೋದ ಭುಜವನ್ನು ಹಿಡಿದುಕೊಂಡು ಕೂರುತ್ತದೆ. ನಾಯಕನಹಟ್ಟಿ ತೇರಿಗೂ ಇದೇ. ತೇರು ನಿಮ್ಮ ಕಡೆ ಬರುತ್ತಿದ್ದರೆ ಲೆನ್ಸ್ ಬಗ್ಗೆ ಯೋಚನೆ ಮಾಡದೆ ಕಾಲು ಎಲ್ಲಿಡಬೇಕು ಅಂತ ಯೋಚಿಸಬಹುದು. ಮಂಡಿಪೇಟೆಯಲ್ಲಿ ಮೂಟೆ ಹೊರುವವರು, ಚೌಕಿಪೇಟೆಯ ಇಕ್ಕಟ್ಟು, ಸಂಜೆ ಮಂಡಕ್ಕಿ ಮಿರ್ಚಿ ಗಾಡಿ ಸುತ್ತ ನಿಂತವರು, ಇದಕ್ಕೆಲ್ಲ 25 ಸರಿ.

ಕತ್ತಲಾದರೆ ಈ ಉಪಾಯ ನಡೆಯುವುದಿಲ್ಲ. ಮಂಡಕ್ಕಿ ಭಟ್ಟಿ ಒಳಗೆ ಎಫ್ 8 ಇಟ್ಟರೆ ಐಎಸ್‌ಒ ಎಲ್ಲಿಗೋ ಹೋಗುತ್ತದೆ. ಅಲ್ಲಿ ಎಫ್ 1.8ಕ್ಕೆ ತೆರೆದು, ಬೆಂಕಿ ಮುಂದೆ ಒಂದೇ ಜಾಗದಲ್ಲಿ ನಿಂತು ಕೆಲಸ ಮಾಡುವವರ ಮೇಲೆ ಜೂಮ್ ಮಾಡಿ ಫೋಕಸ್ ಇಟ್ಟುಕೊಂಡು ಕಾಯಬೇಕು. ಅವರು ಹುರಿಯುವಾಗ ಹಿಂದೆ ಮುಂದೆ ಬಾಗುವುದು ಒಂದೇ ಲಯದಲ್ಲಿರುತ್ತದೆ. ಅಂದ ಹಾಗೆ ಭಟ್ಟಿಯಲ್ಲಿ ಹೊಗೆ, ಮಸಿ, ಉಪ್ಪು ಮರಳು ಎಲ್ಲ ಇರುತ್ತದೆ. ಈ ಲೆನ್ಸ್‌ಗಳಿಗೆ ಧೂಳು ತಡೆಯುವ ರಬ್ಬರ್ ಅಂಚು ಇರುವುದಿಲ್ಲ. ಒಳಗೆ ಲೆನ್ಸ್ ಬದಲಿಸಬೇಡಿ.

50, 55: ಚೆಂದವೂ ಹೌದು, ಕಾಟವೂ ಹೌದು

ಟಿಟಿಆರ್ಟಿಸಾನ್ 50 ಎಫ್ 1.2, 7ಆರ್ಟಿಸಾನ್ಸ್ 55 ಎಫ್ 1.4 ಇವನ್ನು ನೋಡಿ ಮನಸೋಲುವವರೇ ಜಾಸ್ತಿ. ಮಾದರಿ ಫೋಟೋಗಳಲ್ಲಿ ಹಿನ್ನೆಲೆ ಕರಗಿಹೋಗಿರುತ್ತದೆ. ಲೆಕ್ಕ ನೋಡಿ. 50 ಎಂಎಂ, ಎಫ್ 1.2, ಅದೇ ಒಂದೂವರೆ ಮೀಟರ್. ಸ್ಪಷ್ಟ ಆಳ ನಾಲ್ಕು ಸೆಂಟಿಮೀಟರ್ ಅಷ್ಟೇ. ಎದುರಿಗಿರುವವರು ಉಸಿರಾಡಿದರೆ, ನೀವು ಒಂದು ಚೂರು ವಾಲಿದರೆ ಕಣ್ಣು ಹೋಗಿ ಮೂಗು ಸ್ಪಷ್ಟವಾಗುತ್ತದೆ. ಝಡ್‌ವಿ-ಇ10ರಂಥ ಕ್ಯಾಮೆರಾದಲ್ಲಿ ಕಣ್ಣಿಟ್ಟು ನೋಡುವ ಕಿಂಡಿಯೇ ಇಲ್ಲ. ಕೈ ಚಾಚಿ ಸ್ಕ್ರೀನ್ ನೋಡಿಕೊಂಡು ಅಲುಗಾಡದೆ ನಿಲ್ಲುವುದು ಇನ್ನೂ ಕಷ್ಟ.

ಹಾಗಾದರೆ ಬೇಡವಾ? ಮುಖದ ಫೋಟೋನೇ ನಿಮ್ಮ ಆಸೆ ಆಗಿದ್ದು, ಎದುರಿನವರು ಕೂತು ಸಹಕರಿಸುವವರಾಗಿದ್ದರೆ ಬೇಕು. ಎಫ್ 2ರಲ್ಲಿ ತೆಗೆಯಿರಿ, ಎರಡು ಮೀಟರ್ ದೂರ ನಿಲ್ಲಿ, ಮೂರು ನಾಲ್ಕು ಸಲ ಒತ್ತಿ. ಅಜ್ಜಿ ಬಾಗಿಲ ಬಳಿ ಕೂತು ಹೂ ಕಟ್ಟುತ್ತಿದ್ದರೆ ಇದಕ್ಕಿಂತ ಒಳ್ಳೆ ಲೆನ್ಸ್ ಈ ದುಡ್ಡಿಗೆ ಸಿಗಲ್ಲ. ಅದೇ ಅಜ್ಜಿ ಎದ್ದು ಮೊಮ್ಮಗನ ಹಿಂದೆ ಓಡಿದರೆ ಕ್ಯಾಮೆರಾ ಕೆಳಗಿಡಿ. 1.2 ಬೇಕೇ ಬೇಕಾ ಅಂದರೆ ನನಗೆ ಬೇಡ. 1.4 ಸಾಕು, ತೂಕವೂ ಕಡಿಮೆ ಆಗುತ್ತದೆ.

ಚಿತ್ರದುರ್ಗದ ಬಿಸಿಲು ಮತ್ತು ದೊಡ್ಡ ಅಪರ್ಚರ್

ಒಂದು ವಿಷಯ ಮಾರುವವರು ಹೇಳುವುದಿಲ್ಲ. ಮಟಮಟ ಮಧ್ಯಾಹ್ನ ಕೋಟೆಯ ಬಂಡೆ ಮೇಲೆ ನಿಂತು ಎಫ್ 1.4ರಲ್ಲಿ ಫೋಟೋ ತೆಗೆಯಲು ಆಗುವುದೇ ಇಲ್ಲ. ನಿಚ್ಚಳ ಬಿಸಿಲಲ್ಲಿ ಐಎಸ್‌ಒ 100 ಇದ್ದಾಗ ಎಫ್ 16ಕ್ಕೆ ಸೆಕೆಂಡಿನ ನೂರನೇ ಒಂದು ಭಾಗ ಅನ್ನುವುದು ಹಳೇ ಲೆಕ್ಕ. ಅದೇ ಲೆಕ್ಕದಲ್ಲಿ ಎಫ್ 1.4ಕ್ಕೆ 12,800ನೇ ಒಂದು ಭಾಗ ಬೇಕು. ನಮ್ಮ ಬಜೆಟ್ ಕ್ಯಾಮೆರಾಗಳ ಮೆಕ್ಯಾನಿಕಲ್ ಶಟರ್ 4000ಕ್ಕೆ ನಿಲ್ಲುತ್ತದೆ. ಎಫ್ 2.8ಕ್ಕೆ ಬಂದರೆ 3200, ಅಲ್ಲಿಂದ ಕೆಲಸ ಶುರು. ಅಂದರೆ ದುಡ್ಡು ಕೊಟ್ಟು ತಂದ ಆ ಎಫ್ 1.2 ಹಗಲು ಹೊತ್ತಲ್ಲಿ ಬ್ಯಾಗಿನಲ್ಲೇ ಇದ್ದಂತೆ. ಎಲೆಕ್ಟ್ರಾನಿಕ್ ಶಟರ್ ಅಥವಾ ಎನ್‌ಡಿ ಫಿಲ್ಟರ್ (ಬೆಳಕು ತಗ್ಗಿಸುವ ಕಪ್ಪು ಗಾಜು) ಇದ್ದರೆ ಬೇರೆ ಮಾತು. ವಿಡಿಯೋದವರಿಗಂತೂ ಎನ್‌ಡಿ ಇಲ್ಲದೆ ಆಗಲ್ಲ. ಶಟರ್ 50ನೇ ಒಂದು ಭಾಗಕ್ಕೆ ಕಟ್ಟಿಟ್ಟರೆ ಎಫ್ 1.4ರಲ್ಲಿ ಎಂಟು ಸ್ಟಾಪ್ ಬೆಳಕು ತಡೆಯಬೇಕು. ಲೆನ್ಸ್ ಬೆಲೆ ಜೊತೆ ಫಿಲ್ಟರ್ ಬೆಲೆಯನ್ನೂ ಸೇರಿಸಿ ಹೋಲಿಸಿ. ಕೊಳ್ಳುವ ಮುಂಚೆ ಫಿಲ್ಟರ್ ಅಳತೆ ನೋಡಿ. ಟಿಟಿಆರ್ಟಿಸಾನ್ 35ಕ್ಕೆ 39 ಎಂಎಂ, 7ಆರ್ಟಿಸಾನ್ಸ್ 25ಕ್ಕೆ 46, ಮೈಕೆ 35ಕ್ಕೆ 49. ದೊಡ್ಡದೊಂದು ಫಿಲ್ಟರ್ ಕೊಂಡು ಸ್ಟೆಪ್-ಅಪ್ ರಿಂಗ್ ಹಾಕಿಕೊಂಡರೆ ಎಲ್ಲಕ್ಕೂ ಆಗುತ್ತದೆ.

ಅದೇ ಬಿಸಿಲಲ್ಲಿ ಸ್ಕ್ರೀನ್ ಕಾಣುವುದಿಲ್ಲ ಅನ್ನುವುದು ಇನ್ನೊಂದು ತೊಂದರೆ. ಸೋನಿಯಲ್ಲಿ ಸ್ಕ್ರೀನ್ ಹೊಳಪಿಗೆ 'ಸನ್ನಿ ವೆದರ್' ಅಂತ ಇದೆ, ಬಳಸಿ. ಬ್ಯಾಟರಿ ಬೇಗ ಖಾಲಿಯಾಗುತ್ತದೆ, ಏನೂ ಮಾಡೋಕಾಗಲ್ಲ.

12 ಎಂಎಂ: ಕೋಟೆಗೆ ಮತ್ತು ಆಕಾಶಕ್ಕೆ

ಓಬವ್ವನ ಕಿಂಡಿ ಎದುರು 35 ಹಿಡಿದು ನಿಂತರೆ ಕಲ್ಲು ಮಾತ್ರ ಬರುತ್ತದೆ. ಹಿಂದೆ ಸರಿಯಲು ಜಾಗ ಇಲ್ಲ. ಬಾಗಿಲುಗಳ ತಿರುವು, ಹಿಡಿಂಬೇಶ್ವರ ಗುಡಿ, ಬಂಡೆ ಮೇಲೆ ಬಂಡೆ ಇವಕ್ಕೆಲ್ಲ ಅಗಲ ಬೇಕು. ಮ್ಯಾನ್ಯುಯಲ್ ಲೆನ್ಸ್ ಹಿಡಿದವನಿಗೆ ಇದು ಎಲ್ಲಕ್ಕಿಂತ ಸುಲಭದ ಲೆನ್ಸ್ ಕೂಡ. 12 ಎಂಎಂ, ಎಫ್ 8, ಬಳೆ ಒಂದು ಮೀಟರ್ ಹತ್ತಿರ. ಅರ್ಧ ಮೀಟರ್‌ನಿಂದ ಆಚೆ ಗುಡ್ಡದ ಮೇಲಿನ ಗಾಳಿಯಂತ್ರದವರೆಗೆ ಎಲ್ಲ ಸ್ಪಷ್ಟ. ಹೀಗಿರುವಾಗ ಅಗಲದ ಲೆನ್ಸ್‌ಗೆ ಆಟೋಫೋಕಸ್ ಅಂತ ದುಪ್ಪಟ್ಟು ಕೊಡುವುದು ನನಗೆ ಅರ್ಥವಾಗಿಲ್ಲ.

ಆಯ್ಕೆ ಎರಡು. 7ಆರ್ಟಿಸಾನ್ಸ್ 12 ಎಫ್ 2.8 ಕಡಿಮೆ ಬೆಲೆಯದು. ಸ್ಯಾಮ್ಯಾಂಗ್ 12 ಎಫ್ 2 ನಮ್ಮ ಹತ್ತು ಸಾವಿರದ ಗೆರೆ ದಾಟುತ್ತದೆ, 2014ರಿಂದ ಮಾರುಕಟ್ಟೆಯಲ್ಲಿದೆ, ಹಾಗಾಗಿ ಸೆಕೆಂಡ್ ಹ್ಯಾಂಡ್ ಸಿಗುತ್ತದೆ. ಹಗಲು ಕೋಟೆ ಅಷ್ಟೇ ಸಾಕು ಅಂದರೆ ಮೊದಲನೆಯದು. ನಕ್ಷತ್ರ ತೆಗೆಯುವ ಆಸೆ ಇದ್ದರೆ ಸ್ಯಾಮ್ಯಾಂಗ್, ಬೇರೆ ಮಾತೇ ಇಲ್ಲ. ಎಫ್ 2ರಲ್ಲಿ ಎಫ್ 2.8ಕ್ಕಿಂತ ದುಪ್ಪಟ್ಟು ಬೆಳಕು. ಕೋಟೆ ಸಂಜೆಗೇ ಮುಚ್ಚುತ್ತದೆ, ರಾತ್ರಿ ಅಲ್ಲಿ ಆಗಲ್ಲ. ಊರ ದೀಪಗಳಿಂದ ದೂರ, ಹಿರಿಯೂರು ತಾಲ್ಲೂಕಿನ ವಾಣಿವಿಲಾಸ ಸಾಗರದ ಕಡೆಯೋ, ಚಳ್ಳಕೆರೆ ಬಯಲಿನ ಕಡೆಯೋ ಹೋದರೆ ಬೇಸಿಗೆಯ ಬೆಳಗಿನ ಜಾವ ಆಕಾಶಗಂಗೆ ಕಾಣುತ್ತದೆ. 12 ಎಂಎಂನಲ್ಲಿ 20 ಸೆಕೆಂಡು ಶಟರ್ ತೆರೆದಿಟ್ಟರೂ ನಕ್ಷತ್ರ ಎದ್ದು ಕಾಣುವಷ್ಟು ಎಳೆದುಕೊಳ್ಳುವುದಿಲ್ಲ. ರಾತ್ರಿ ಬಳೆಯನ್ನು ಕೊನೆವರೆಗೆ ತಿರುಗಿಸಿ ಬಿಡಬೇಡಿ. ಈ ಲೆನ್ಸ್‌ಗಳಲ್ಲಿ ಬಳೆ ಅನಂತದ (ಅತಿ ದೂರದ ಫೋಕಸ್‌ನ) ಗುರುತು ದಾಟಿ ಮುಂದೆ ಹೋಗುತ್ತದೆ. ಹೊಳೆಯುವ ಒಂದು ನಕ್ಷತ್ರವನ್ನು ಸ್ಕ್ರೀನಿನಲ್ಲಿ ಜೂಮ್ ಮಾಡಿ, ಅದು ಚುಕ್ಕಿಯಾದ ಜಾಗಕ್ಕೆ ಬಳೆ ಮೇಲೆ ಟೇಪ್ ಅಂಟಿಸಿ.

ಚಂದ್ರವಳ್ಳಿಯ ಗುಹೆಗಳೊಳಗೆ ಟಾರ್ಚ್ ಬೆಳಕಲ್ಲಿ ತೆಗೆಯುವವರಿಗೂ 12 ಬೇಕಾಗುತ್ತದೆ. ಪುರಾತತ್ವ ಇಲಾಖೆಯ ಸ್ಮಾರಕಗಳಲ್ಲಿ ಟ್ರೈಪಾಡ್‌ಗೆ ಅನುಮತಿ ಕೇಳುತ್ತಾರೆ, ಅದನ್ನು ಮೊದಲೇ ವಿಚಾರಿಸಿಕೊಳ್ಳಿ.

ಹಳೇ ಲೆನ್ಸ್ ಹಾಕೋಣವಾ

ದಾವಣಗೆರೆ, ಹರಿಹರ, ಚಿತ್ರದುರ್ಗದ ಹಳೇ ಸ್ಟುಡಿಯೋಗಳ ಬೀರುವಿನಲ್ಲಿ ಫಿಲ್ಮ್ ಕಾಲದ ಕ್ಯಾಮೆರಾಗಳು ಇನ್ನೂ ಇವೆ. ಪೆಂಟ್ಯಾಕ್ಸ್ ಕೆ1000, ನಿಕಾನ್ ಎಫ್‌ಎಂ2, ಯಾಶಿಕಾ, ಅಪರೂಪಕ್ಕೆ ರಷ್ಯಾದ ಝೆನಿಟ್. ಅದರ ಮುಂದಿರುವ 50 ಎಂಎಂ ಲೆನ್ಸ್ ನಿಮ್ಮ ಮಿರರ್‌ಲೆಸ್‌ಗೆ ಒಂದು ಅಡಾಪ್ಟರ್ ಮೂಲಕ ಕೂರುತ್ತದೆ. ಬಳೆ ತಿರುಗುವ ಹದ ಹೊಸ ಅಗ್ಗದ ಲೆನ್ಸ್‌ಗಳಿಗಿಂತ ಎಷ್ಟೋ ಚೆನ್ನಾಗಿರುತ್ತದೆ. ಸ್ಟುಡಿಯೋದವರಿಗೆ ಪರಿಚಯ ಇದ್ದರೆ ಕೇಳಿ ನೋಡಿ.

ಆದರೆ ಇದು ಎಲ್ಲರಿಗೂ ಅಲ್ಲ. ಹಳೇ 50 ನಿಮ್ಮ ಚಿಕ್ಕ ಸೆನ್ಸರ್ ಮೇಲೆ 75 ಎಂಎಂ ಆಗುತ್ತದೆ, ಮನೆ ಒಳಗೆ ಇಕ್ಕಟ್ಟು. 45, 60 ಸೆಂಟಿಮೀಟರ್‌ಗಿಂತ ಹತ್ತಿರ ಹೋಗಲ್ಲ. ಅಗಲದ ಹಳೇ ಲೆನ್ಸ್ ಅಗ್ಗಕ್ಕೆ ಸಿಗಲ್ಲ. ಅಡಾಪ್ಟರ್ ಸೇರಿದರೆ ಉದ್ದ, ಭಾರ ಎರಡೂ ಜಾಸ್ತಿ.

ಜನ ಹುಡುಕಿಕೊಂಡು ಹೋಗುವುದು ಝೆನಿಟ್ ಜೊತೆ ಬರುತ್ತಿದ್ದ ಹೀಲಿಯೋಸ್ 44 ಅನ್ನು. 58 ಎಂಎಂ, ಎಫ್ 2, ಝೈಸ್ ಬಯೋಟಾರ್ ವಿನ್ಯಾಸದಿಂದ ಹುಟ್ಟಿದ್ದು. ಮರದ ಎಲೆಗಳು ಹಿಂದಿದ್ದರೆ ಹಿನ್ನೆಲೆ ಸುಳಿ ಸುತ್ತಿದಂತೆ ಬರುತ್ತದೆ. ಆ ಸುಳಿ ಜೋರಾಗಿರುವುದು ಚಿತ್ರದ ಅಂಚಿನಲ್ಲಿ. ಎಪಿಎಸ್-ಸಿ ಸೆನ್ಸರ್ ಅಂಚನ್ನೇ ಕತ್ತರಿಸಿಬಿಡುತ್ತದೆ. ಫುಲ್ ಫ್ರೇಮ್ (ಫಿಲ್ಮ್ ಅಳತೆಯ ದೊಡ್ಡ ಸೆನ್ಸರ್) ಫೋಟೋ ನೋಡಿ ಆಸೆಪಟ್ಟು ಆರ್50ಕ್ಕೆ ಹಾಕಿದರೆ ಅರ್ಧ ಸುಳಿ ಮಾತ್ರ ಸಿಗುತ್ತದೆ. ಕೊಳ್ಳುವುದಾದರೆ 44-2 ಆರಿಸಿ. ಅದರಲ್ಲಿ ಅಪರ್ಚರ್‌ಗೆ ಒತ್ತುವ ಪಿನ್ ಇಲ್ಲ, ಯಾವ ಎಂ42 (ಆ ಲೆನ್ಸ್‌ನ ತಿರುಪು ಮೌಂಟ್) ಅಡಾಪ್ಟರ್ ಆದರೂ ನಡೆಯುತ್ತದೆ. 44ಎಂ-4ರಂಥ ನಂತರದ ಮಾದರಿಗಳಿಗೆ ಪಿನ್ ಒತ್ತುವ ಅಂಚಿರುವ ಅಡಾಪ್ಟರ್ ಬೇಕು. ಇಲ್ಲದಿದ್ದರೆ ಬಳೆ ತಿರುಗುತ್ತದೆ, ಅಪರ್ಚರ್ ಮುಚ್ಚುವುದಿಲ್ಲ.

ಕೆಲವು ಬಲೆಗಳಿವೆ. ಕ್ಯಾನನ್ ಇಎಫ್ ಲೆನ್ಸ್‌ಗೆ ಅಪರ್ಚರ್ ಬಳೆಯೇ ಇಲ್ಲ, ಸಾದಾ ಅಡಾಪ್ಟರ್ ಹಾಕಿದರೆ ಅಪರ್ಚರ್ ಬದಲಿಸಲು ಆಗಲ್ಲ. ನಿಕಾನ್ 'ಜಿ' ಲೆನ್ಸ್‌ಗಳಲ್ಲೂ ಬಳೆ ಇಲ್ಲ. ನಿಕಾನ್ ಫೋಕಸ್ ಬಳೆ ಕ್ಯಾನನ್‌ಗಿಂತ ಉಲ್ಟಾ ದಿಕ್ಕಿಗೆ ತಿರುಗುತ್ತದೆ, ಎರಡನ್ನೂ ಇಟ್ಟುಕೊಂಡರೆ ಕೈಗೆ ಅಭ್ಯಾಸ ತಪ್ಪುತ್ತದೆ. ಅಗ್ಗದ ಅಡಾಪ್ಟರ್‌ಗಳನ್ನು ಬೇಕೆಂದೇ ಕೂದಲೆಳೆಯಷ್ಟು ಗಿಡ್ಡ ಮಾಡಿರುತ್ತಾರೆ, ಅನಂತಕ್ಕೆ ತಲುಪದೇ ಇರಬಾರದು ಅಂತ. ಅದರಿಂದ ಲೆನ್ಸ್ ಮೇಲೆ ಬರೆದ ಮೀಟರ್ ಸಂಖ್ಯೆ ಸರಿ ಇರಲ್ಲ, 25ಕ್ಕೆ ಹೇಳಿದ ಆ ಬೀದಿ ಉಪಾಯ ಇಲ್ಲಿ ನಡೆಯಲ್ಲ.

ರಿಪೇರಿ, ಗ್ರೀಸ್, ಸ್ಕ್ರೂಡ್ರೈವರ್ ಅಂದರೆ ಖುಷಿಪಡುವವರು ಹಳೇ ಲೆನ್ಸ್ ಕೊಳ್ಳಿ. ಉಳಿದವರು ಹೊಸ 35 ಕೊಳ್ಳಿ.

ಕೈಗೆ ಬಂದ ದಿನ

ಅಗ್ಗದ ಲೆನ್ಸ್‌ಗಳಲ್ಲಿ ಒಂದಕ್ಕೊಂದು ವ್ಯತ್ಯಾಸ ಇರುತ್ತದೆ. ಒಂದೇ ಮಾಡೆಲ್‌ನ ಎರಡು ಲೆನ್ಸ್ ಒಂದೇ ತರ ಇರಬೇಕೆಂದಿಲ್ಲ. ಹಾಗಾಗಿ ವಾಪಸ್ ಮಾಡುವ ಅವಧಿ ಇರುವ ಅಂಗಡಿಯಲ್ಲೇ ಕೊಳ್ಳಿ, ಸ್ವಲ್ಪ ಜಾಸ್ತಿ ಆದರೂ ಪರವಾಗಿಲ್ಲ.

ಇಟ್ಟಿಗೆ ಗೋಡೆ ಎದುರು ನೇರ ನಿಂತು ಎಫ್ 2.8ರಲ್ಲಿ ಒಂದು ಫೋಟೋ ತೆಗೆಯಿರಿ. ನಾಲ್ಕೂ ಮೂಲೆ ಒಂದೇ ಸಮ ಮೆತ್ತಗಿದ್ದರೆ ಸರಿ, ಈ ಬೆಲೆಗೆ ಅದು ಸಹಜ. ಒಂದು ಮೂಲೆ ಮಾತ್ರ ಕೆಟ್ಟಿದ್ದರೆ ಒಳಗಿನ ಗಾಜು ಓರೆ ಕೂತಿದೆ, ವಾಪಸ್ ಕಳಿಸಿ. ಗೆರೆಗಳು ಬಾಗುತ್ತವೆಯಾ ನೋಡಲು ಕುಂದುವಾಡ ಕೆರೆ ಹತ್ತಿರದ ಗಾಜಿನ ಮನೆಯ ಕಬ್ಬಿಣದ ಚೌಕಟ್ಟು ಚೆನ್ನಾಗಿದೆ. ಅನಂತದ ಫೋಕಸ್ ನೋಡಲು ಚಿತ್ರದುರ್ಗದ ಗುಡ್ಡಗಳ ಗಾಳಿಯಂತ್ರಗಳಿಗಿಂತ ಒಳ್ಳೆ ಗುರಿ ಇಲ್ಲ. ರೆಕ್ಕೆಯ ತುದಿ ಜೂಮ್ ಮಾಡಿದಾಗ ಸ್ಪಷ್ಟವಾಗಲೇ ಇಲ್ಲ ಅಂದರೆ ಆ ಲೆನ್ಸ್ ಅನಂತಕ್ಕೆ ತಲುಪುತ್ತಿಲ್ಲ. ಬಳೆಯನ್ನು ಎರಡೂ ಕಡೆ ಪೂರ್ತಿ ತಿರುಗಿಸಿ, ನಡುವೆ ಎಲ್ಲೂ ತಡೆಯಬಾರದು, ಸಡಿಲವೂ ಆಗಬಾರದು.

ಸೆಕೆಂಡ್ ಹ್ಯಾಂಡ್ ಆದರೆ ಮೊಬೈಲ್ ಟಾರ್ಚ್ ಅನ್ನು ಹಿಂದಿನಿಂದ ಹಿಡಿದು ಮುಂದಿನಿಂದ ನೋಡಿ. ಜೇಡರ ಬಲೆಯಂಥ ಎಳೆ ಕಂಡರೆ ಅದು ಫಂಗಸ್, ಎಷ್ಟು ಕಡಿಮೆಗೆ ಕೊಟ್ಟರೂ ಬೇಡ. ಒಂದೆರಡು ಧೂಳಿನ ಕಣ ಇದ್ದರೆ ಚಿಂತೆಯಿಲ್ಲ, ಫೋಟೋದಲ್ಲಿ ಕಾಣುವುದಿಲ್ಲ. ಅಪರ್ಚರ್ ಎಲೆಗಳ ಮೇಲೆ ಎಣ್ಣೆ ಹೊಳೆಯುತ್ತಿದ್ದರೆ ಹಳೇ ಗ್ರೀಸ್ ಬಿಸಿಲಿಗೆ ಇಳಿದಿದೆ ಅಂತ ಅರ್ಥ. ಪಿನ್ ಇರುವ ಲೆನ್ಸ್ ಆದರೆ ಅದು ಎಲೆಗಳನ್ನು ನಿಧಾನ ಮಾಡಿ ಫಿಲ್ಮ್ ಕ್ಯಾಮೆರಾದಲ್ಲಿ ಕಾಟ ಕೊಡುತ್ತದೆ. ಮಿರರ್‌ಲೆಸ್‌ನಲ್ಲಿ ಅಪರ್ಚರ್ ನೀವೇ ಕೈಯಿಂದ ಮುಚ್ಚುವುದರಿಂದ ಅಷ್ಟೇನೂ ತೊಂದರೆ ಇಲ್ಲ. ಆದರೆ ಮಾರುವವರ ಹತ್ತಿರ ಬೆಲೆ ಇಳಿಸಲು ಆ ಎಣ್ಣೆಯನ್ನು ತೋರಿಸಬಹುದು.